ವೆಲ್ಬಿ ಸಾಹೇಬರು ಇಳಿಸಿದ ಭುಜ

ವಿಮಾನದಲ್ಲಿ

ದುಬೈಗೆ ಹೊರಟವರು ಚಿನ್ನದ ಬಗ್ಗೆ ಯೋಚಿಸುತ್ತಾರಂತೆ. ನಾನು ಗಸಗಸೆಯ ಬಗ್ಗೆ ಯೋಚಿಸುತ್ತಾ ಹೋದೆ. ಪಕ್ಕದ ಸೀಟಿನಲ್ಲಿದ್ದ ಭಟ್ಕಳದ ಬಟ್ಟೆ ವ್ಯಾಪಾರಿ, ಇದು ನನ್ನ ಮೊದಲ ವಿದೇಶ ಪ್ರಯಾಣವೆಂದು ತಿಳಿದದ್ದೇ ತಡ, ಉಪಕಾರ ಮಾಡುವವರ ಹಾಗೆ ನನ್ನ ಕಡೆ ಬಾಗಿ, "ಗಸಗಸೆ ಏನಾದ್ರೂ ತಂದಿದ್ದೀರಾ? ಅಲ್ಲಿ ಅದು ಅಫೀಮಿನ ಲೆಕ್ಕ. ಸಿಕ್ಕಿದ್ರೆ ಸೀದಾ ಜೈಲು" ಎಂದರು. ನನ್ನ ಸೂಟ್‌ಕೇಸು ಆಗ ವಿಮಾನದ ಹೊಟ್ಟೆಯಲ್ಲಿತ್ತು. ಅದರೊಳಗೆ ಹೆಂಡತಿ ಕಟ್ಟಿಕೊಟ್ಟ ಪೊಟ್ಟಣಗಳಿದ್ದವು. ಯಾವುದರಲ್ಲಿ ಏನಿದೆ ಎಂದು ಅವಳು ಹೇಳುತ್ತಿದ್ದಾಗ ನಾನು ಪಾಸ್‌ಪೋರ್ಟು ಜೇಬಿನಲ್ಲಿದೆಯೇ ಎಂದು ಮತ್ತೆ ಮತ್ತೆ ಮುಟ್ಟಿ ನೋಡಿಕೊಳ್ಳುತ್ತಿದ್ದೆ.

ಹಾಗಾಗಿ ಅರಬ್ಬಿ ಸಮುದ್ರದ ಉದ್ದಕ್ಕೂ ನಾನು ಜೈಲಿನಲ್ಲಿದ್ದೆ. 'ಮೈಸೂರಿನ ಚಿತ್ರಕಲಾ ಅಧ್ಯಾಪಕನ ಬಂಧನ' ಎಂಬ ಪತ್ರಿಕೆಯ ಸುದ್ದಿಯೂ ಕಣ್ಣಿಗೆ ಕಟ್ಟಿತು. ಅದರಲ್ಲಿ ನನ್ನ ಹೆಸರನ್ನು ತಪ್ಪಾಗಿ ಅಚ್ಚು ಹಾಕಿದ್ದರು. ದುಬೈಯಲ್ಲಿ ಇಳಿದಾಗ ಕೈಯಲ್ಲಿದ್ದ ವೀಸಾದ ಫ್ಯಾಕ್ಸ್ ಪ್ರತಿ ಬೆವರಿಗೆ ಅರ್ಧ ಮಾಸಿತ್ತು. ಮೂಲ ವೀಸಾ ಅಲ್ಲಿನ ಕೌಂಟರಿನಲ್ಲಿ ಸಿಗುತ್ತದೆ ಎಂದು ಗೆಳೆಯ ಹೇಳಿದ್ದ, ಸಿಕ್ಕಿತು ಕೂಡ. ಸೂಟ್‌ಕೇಸನ್ನು ಯಾರೂ ತೆರೆಯಲಿಲ್ಲ. ಗೆಳೆಯನ ಮನೆ ತಲುಪಿ ಬಿಚ್ಚಿ ನೋಡಿದರೆ ಪೊಟ್ಟಣದಲ್ಲಿದ್ದದ್ದು ರಾಗಿ ಹುರಿಹಿಟ್ಟು.

ಇಷ್ಟು ಹೆದರುವವನು ಹೊರಟದ್ದಾದರೂ ಏಕೆ ಎಂದರೆ, ವೆಲ್ಬಿ ಸಾಹೇಬರಿಗಾಗಿ. ಎಪ್ಪತ್ತರ ದಶಕದಲ್ಲಿ ನಾವು ಮೈಸೂರಿನ ಕಲಾಶಾಲೆಯಲ್ಲಿದ್ದಾಗ ಲಂಡನ್ನಿನಿಂದ ಎರಡು ವರ್ಷ ಪಾಠ ಹೇಳಲು ಬಂದಿದ್ದ ಚಿತ್ರಕಾರರು ಅವರು. ಬೇರೆ ಮೇಷ್ಟ್ರುಗಳು ನಮ್ಮ ಚಿತ್ರದ ಮೇಲೇ ಪೆನ್ಸಿಲ್ ಒತ್ತಿ ತಿದ್ದುತ್ತಿದ್ದರು. ವೆಲ್ಬಿ ಸಾಹೇಬರು ವಿದ್ಯಾರ್ಥಿಯ ಗೆರೆಯನ್ನು ಮುಟ್ಟುತ್ತಿರಲಿಲ್ಲ. ಹಾಳೆಯ ಬಲಗಡೆ ನಾಲ್ಕು ಬೆರಳಿನಷ್ಟು ಅಂಚು ಬಿಡಬೇಕು. ತಪ್ಪು ಎಲ್ಲಿದೆಯೋ ಅದರ ಪಕ್ಕದ ಅಂಚಿನಲ್ಲಿ ಅವರು ಸರಿಯಾದದ್ದನ್ನು ಪುಟ್ಟದಾಗಿ ಬರೆದು ಮುಂದೆ ಹೋಗುವರು. ಚೆನ್ನಾಗಿದೆ ಎನ್ನುತ್ತಿರಲಿಲ್ಲ, ಚೆನ್ನಾಗಿಲ್ಲ ಎನ್ನುತ್ತಿರಲಿಲ್ಲ.

ನನ್ನ ಬಳಿ ಅಂಥ ಹಾಳೆಯೊಂದು ಉಳಿದಿತ್ತು. ಮಾರ್ಕೆಟ್ಟಿನಲ್ಲಿ ಮೂಟೆ ಹೊರುತ್ತಿದ್ದ ಕೆಂಪಯ್ಯ ಎಂಬ ಹಮಾಲಿಯನ್ನು ನಮ್ಮೆದುರು ಮಾಡೆಲ್ ಆಗಿ ನಿಲ್ಲಿಸಿದ್ದರು. ಬಲಗಾಲಿನ ಮೇಲೆ ಭಾರ ಹಾಕಿ, ಕೋಲು ಹಿಡಿದು ನಿಂತಿದ್ದ. ನಾನು ಅವನ ಬಲಭುಜವನ್ನು ಮೇಲೆತ್ತಿ ಬರೆದಿದ್ದೆ. ಸಾಹೇಬರು ಅಂಚಿನಲ್ಲಿ ಆ ಭುಜವನ್ನು ಇಳಿಸಿ ತೋರಿಸಿದರು. ಭಾರ ಬಿದ್ದ ಕಡೆ ಸೊಂಟ ಏರುತ್ತದೆ, ಭುಜ ಇಳಿಯುತ್ತದೆ. ಬರೀ ಏಳೆಂಟು ಗೆರೆ, ಆದರೆ ಎಂಥ ಗೆರೆ! ಅಂದಿನಿಂದ ಅದೇ ನನ್ನ ವಿದ್ಯೆಯ ಬಂಡವಾಳ. ನಾನೂ ಮೇಷ್ಟ್ರಾದೆ, ಇಪ್ಪತ್ತೈದು ವರ್ಷಕ್ಕೂ ಮೇಲೆ ಮಕ್ಕಳಿಂದ ನಾಲ್ಕು ಬೆರಳು ಅಂಚು ಬಿಡಿಸಿ, ಅದರಲ್ಲಿ ಭುಜ ಇಳಿಸುತ್ತಾ ಬಂದೆ.

ಈಗ ಎಂಬತ್ತರ ಹತ್ತಿರವಿದ್ದ ಸಾಹೇಬರ ಇಡೀ ವೃತ್ತಿಜೀವನದ ಪ್ರದರ್ಶನ ಅಬುಧಾಬಿಯಲ್ಲಿ ನಡೆಯುವುದಿತ್ತು. ಅವರು ತಿದ್ದಿದ ಹಳೆಯ ಹಾಳೆಗಳಿದ್ದರೆ ಕಳುಹಿಸಿ ಎಂದು ಪ್ರದರ್ಶನ ಏರ್ಪಡಿಸಿದವರು ಶಿಷ್ಯರನ್ನೆಲ್ಲ ಕೇಳಿದ್ದರು. ಮೈಸೂರಿನಿಂದ ಹೋದದ್ದು ನನ್ನದೊಂದೇ. ಗೋಡೆಯ ಮೇಲೆ ಎಡಗಡೆ ನನ್ನ ಕೆಂಪಯ್ಯ, ಬಲಗಡೆ ಅವರ ಭುಜ, ಕೆಳಗೆ ಇಬ್ಬರ ಹೆಸರು ಇರುತ್ತದೆ ಎಂದುಕೊಂಡಿದ್ದೆ. ಸಾಹೇಬರು ಅದರ ಮುಂದೆ ನಿಂತು, ಅಂದು ಹೇಳದೆ ಹೋದ ಒಂದು ಮಾತು ಹೇಳಬೇಕು. ಒಳ್ಳೆಯದೋ ಕೆಟ್ಟದ್ದೋ, ಒಂದು ಮಾತು. ಅದಕ್ಕೋಸ್ಕರ ಸಮುದ್ರ ದಾಟಿದೆ. ಬೇರೆ ಕಾರಣ ಹೇಳಿದರೆ ಸುಳ್ಳಾಗುತ್ತದೆ.

ನೈಫ್

ನನ್ನನ್ನು ಇಳಿಸಿಕೊಂಡವನು ವಿಲ್ಫ್ರೆಡ್. ಉಡುಪಿ ಕಡೆಯ ಕೊಂಕಣಿ ಕ್ರಿಶ್ಚಿಯನ್, ಕಲಾಶಾಲೆಯಲ್ಲಿ ನನ್ನ ಪಕ್ಕದ ಸ್ಟೂಲಿನವನು. ಕೋರ್ಸು ಮುಗಿದ ಮೇಲೆ ಬಣ್ಣ ಬಿಟ್ಟು ದುಬೈಗೆ ಬಂದವನು, ಈಗ ಅಲ್ಲಿನ ಹಳೇ ಪೇಟೆ ನೈಫ್‌ನ ಗಲ್ಲಿಯೊಂದರಲ್ಲಿ ಫೋಟೋ ಫ್ರೇಮ್ ಹಾಕುವ ಅಂಗಡಿ ನಡೆಸುತ್ತಾನೆ. ರಜೆಗೆ ಊರಿಗೆ ಬಂದಾಗ ನನ್ನ ಹಾಳೆಯನ್ನು ಎರಡು ಟರ್ಕಿ ಟವೆಲಿನಲ್ಲಿ ಸುತ್ತಿ ಒಯ್ದವನೂ ಅವನೇ. ಪ್ರದರ್ಶನದ ಚೌಕಟ್ಟುಗಳ ಕೆಲಸ ಅವನ ಅಂಗಡಿಗೇ ಸಿಕ್ಕಿತ್ತು.

ಹುರಿಹಿಟ್ಟಿನ ಕಥೆ ಕೇಳಿ ಅವನು ಬಿದ್ದು ಬಿದ್ದು ನಕ್ಕ. "ಎಂತ ಮಾರಾಯ ಶ್ರೀಕಂಠ, ಹಿಟ್ಟಿಗೆ ಹೆದರಿದ್ದಾ? ಇಲ್ಲಿ ಹಿಟ್ಟಿಗೆ ಜೈಲಿಲ್ಲ."

"ಮಾಷ್ಟ್ರೆ, ನೀವು ಮೊದ್ಲು ಊಟ ಮಾಡಿ" ಎಂದಳು ಅವನ ಹೆಂಡತಿ ಫಿಲೋಮಿನಾ. ಅವಳು ಆಸ್ಪತ್ರೆಯಲ್ಲಿ ನರ್ಸು. ನನ್ನಂಥವರನ್ನು ದಿನವೂ ನೋಡಿದ ಸಮಾಧಾನ ಅವಳ ಮುಖದಲ್ಲಿತ್ತು. "ಹೆದರ್ಲಿಕ್ಕೆ ಆಮೇಲೆ ಬೇಕಾದಷ್ಟು ಟೈಮ್ ಉಂಟು."

ಅವರ ಮಗಳನ್ನು ನಾನು ಕನ್ನಡದಲ್ಲಿ ಏನು ಕೇಳಿದರೂ "ಯೆಸ್ ಅಂಕಲ್", "ನಾಟ್ ರಿಯಲೀ ಅಂಕಲ್" ಎಂಬ ಎರಡರಲ್ಲಿ ಒಂದು ಉತ್ತರ ಬರುತ್ತಿತ್ತು. ಕೊನೆಗೆ ನಾನೇ ಇಂಗ್ಲಿಷಿಗೆ ಇಳಿದೆ. ಅವಳು ಥಟ್ಟನೆ ಕನ್ನಡದಲ್ಲಿ, "ಅಂಕಲ್, ನೀವು ಕನ್ನಡವೇ ಮಾತಾಡಿ, ಅದು ನನಗೆ ಅರ್ಥ ಆಗ್ತದೆ" ಎಂದಳು.

ಮರುದಿನ ಅಂಗಡಿಗೆ ಹೋದೆ. ಗಿರಾಕಿಗಳು ಹಿಂದಿ, ಮಲೆಯಾಳ, ತುಳು ಎಲ್ಲವನ್ನೂ ಒಂದೇ ಉಸಿರಿನಲ್ಲಿ ಆಡುತ್ತಿದ್ದರು. ದುಬೈ ದೊರೆ ಶೇಖ್ ಅವರ ಭಾವಚಿತ್ರ, ಏಸುವಿನ ಪವಿತ್ರ ಹೃದಯದ ಪಟ, ಅರಬ್ಬಿ ಸುಂದರಲಿಪಿಯ ಫಲಕ, ತಿರುಪತಿ ತಿಮ್ಮಪ್ಪ, ಎಲ್ಲರೂ ಹೆಗಲಿಗೆ ಹೆಗಲು ತಾಗಿಸಿ ಒಣಗುತ್ತಿದ್ದರು. ನಮ್ಮ ಊರಿನಲ್ಲಿ ಚಿತ್ರದ ಅಳತೆಗೆ ಚೌಕಟ್ಟು ಮಾಡುತ್ತಾರೆ. ಇಲ್ಲಿ ಚೌಕಟ್ಟು ಪೆಟ್ಟಿಗೆ ಪೆಟ್ಟಿಗೆಯಾಗಿ ಮೊದಲೇ ಬಂದಿರುತ್ತದೆ. ಚಿತ್ರವೇ ಅದಕ್ಕೆ ಹೊಂದಿಕೊಳ್ಳಬೇಕು.

"ಮೊನ್ನೆ ಒಬ್ಬ ಮದುವೆ ಫೋಟೋ ತಂದ" ಎಂದ ವಿಲ್ಫ್ರೆಡ್. "ಫೋಟೋ ದೊಡ್ಡದು, ಫ್ರೇಮು ಸಣ್ಣದು. ಯಾರನ್ನು ತೆಗೀಬೇಕು ಹೇಳು ಅಂದೆ. ಕೊನೆಯಲ್ಲಿ ನಿಂತವ ಹೆಂಡ್ತಿಯ ಅಣ್ಣ, ಅವನನ್ನು ತೆಗಿ ಅಂತ ಪೆನ್ಸಿಲಿನಲ್ಲಿ ಒಂದು ಗೆರೆ ಹಾಕಿ ಕೊಟ್ಟ. ನಾವು ಗೆರೆಯ ಮೇಲೆ ಬ್ಲೇಡ್ ಎಳೆದದ್ದು. ಖಲಾಸ್."

ನಾನು ನಕ್ಕೆ. ಅವನು ಮಾತ್ರ ನಗುತ್ತಿದ್ದವನು ಅರ್ಧಕ್ಕೆ ನಿಲ್ಲಿಸಿ, ಬ್ಲೇಡನ್ನು ಡ್ರಾಯರಿಗೆ ಹಾಕಿದ.

"ನನ್ನ ಕೆಂಪಯ್ಯನಿಗೆ ಯಾವ ಫ್ರೇಮ್ ಹಾಕಿದೆಯೋ?" ಎಂದು ಕೇಳಿದೆ.

"ಅಲ್ಲೇ ನೋಡುವ" ಎಂದ.

ಏನೋ ಚೆಂದವಾದದ್ದು ಮಾಡಿಟ್ಟು ಅಚ್ಚರಿಗೊಳಿಸಲು ಕಾಯುತ್ತಿದ್ದಾನೆ ಎಂದುಕೊಂಡೆ. ಸಾವಿರ ಬಗೆಯ ಕೇಡನ್ನು ಮುಂಚಿತವಾಗಿ ಊಹಿಸುವ ನನ್ನ ತಲೆಗೆ ಈ ಒಂದು ಸಲ ಒಳ್ಳೆಯದೇ ಹೊಳೆಯಿತು.

ಕ್ರೀಕ್

ದುಬೈಯ ನಡುವೆ ಸಮುದ್ರ ಒಳಗೆ ಚಾಚಿಕೊಂಡಿದೆ. ಅದೇ ಕ್ರೀಕ್. ದಾಟಿಸಲು ಅಬ್ರಾ ಎಂಬ ಮರದ ದೋಣಿಗಳಿವೆ. ಬದಿಗೆ ಗೋಡೆಯಿಲ್ಲ, ಕೈಗೆ ಹಿಡಿಯಿಲ್ಲ. ಜನ ಬೆನ್ನಿಗೆ ಬೆನ್ನು ಕೊಟ್ಟು, ಬಸ್ ಸ್ಟಾಂಡಿನ ಕಲ್ಲುಬೆಂಚಿನಲ್ಲಿ ಕೂತಷ್ಟು ನಿಶ್ಚಿಂತೆಯಿಂದ ನೀರಿನ ಮೇಲೆ ಕೂತಿರುತ್ತಾರೆ. ನಾನು ಪಕ್ಕದ ಪಠಾಣನ ಅಂಗಿಯ ಚುಂಗನ್ನು ಹಿಡಿದುಕೊಂಡೆ. ಅವನು ಒಮ್ಮೆ ನನ್ನ ಕೈ ನೋಡಿದ, ಒಮ್ಮೆ ಮುಖ ನೋಡಿದ, ಆಮೇಲೆ ಅನುಕೂಲವಾಗಲಿ ಎಂದು ಇನ್ನಷ್ಟು ಹತ್ತಿರ ಸರಿದ. ಆಚೆ ದಡ ಮುಟ್ಟಿದಾಗ "ಯಲ್ಲಾ ಚಾಚಾ" ಎಂದು ರಟ್ಟೆ ಹಿಡಿದು ಇಳಿಸಿದ. ನನಗಿಂತ ಹತ್ತು ವರ್ಷವಾದರೂ ದೊಡ್ಡವನಿರಬೇಕು.

ದಡದಲ್ಲಿ ಇರಾನಿಗೆ ಹೋಗುವ ಹಡಗುಗಳು ಸಾಲಾಗಿ ನಿಂತಿದ್ದವು. ಟಯರು, ಫ್ರಿಜ್ಜು, ಅಕ್ಕಿ ಮೂಟೆ ಎಲ್ಲ ಬೀದಿಯಲ್ಲೇ ಬಿದ್ದಿದ್ದವು; ಯಾರೂ ಕದಿಯುವುದಿಲ್ಲವಂತೆ. ಒಬ್ಬ ಹಮಾಲಿ ಮೂಟೆ ಇಳಿಸಿ, ಬಲಗಾಲಿನ ಮೇಲೆ ಭಾರ ಹಾಕಿ ನಿಂತು ನೀರು ಕುಡಿಯುತ್ತಿದ್ದ. ಅವನ ಬಲಭುಜ ಮೇಲಕ್ಕೆದ್ದಿತ್ತು. 'ತಪ್ಪು' ಎಂದುಕೊಂಡೆ. 'ಆ ಭುಜ ಇಳಿಯಬೇಕು.' ಜೀವಂತ ಮನುಷ್ಯರನ್ನು ಮನಸ್ಸಿನಲ್ಲೇ ತಿದ್ದುವ ಚಟ ನನಗೆ ಹಳೆಯದು. ಮದುವೆ ಮನೆಗಳಲ್ಲಿ ಹೆಂಡತಿ ಇದಕ್ಕಾಗಿ ಎಷ್ಟೋ ಸಲ ತಿವಿದಿದ್ದಾಳೆ. ಹಮಾಲಿ ನೀರು ಕುಡಿದು ಮುಗಿಸಿ, ತಪ್ಪು ಭುಜದ ಮೇಲೆಯೇ ಇನ್ನೊಂದು ಮೂಟೆ ಏರಿಸಿಕೊಂಡು ಹೋದ.

ಅಬುಧಾಬಿಯ ದಾರಿ

ಉದ್ಘಾಟನೆಯ ಹಿಂದಿನ ದಿನ ವಿಲ್ಫ್ರೆಡ್‌ನ ವ್ಯಾನಿನಲ್ಲಿ ಹೊರಟೆವು. ಎರಡೂ ಕಡೆ ಮರಳು, ನಡುವೆ ಬಗ್ಗದ ರಸ್ತೆ. ವೇಗ ಮಿತಿ ಮೀರಿದರೆ ವ್ಯಾನು ತಾನೇ ಟಿಂಗ್ ಟಿಂಗ್ ಎಂದು ಎಚ್ಚರಿಸುತ್ತದೆ. ನಮ್ಮ ಕಡೆ ಆ ಕೆಲಸವನ್ನು ಹಿಂದೆ ಕೂತ ಹೆಂಗಸರು ಮಾಡುತ್ತಾರೆ. ನಾನು ಅದರ ಸದ್ದು ಬಂದಾಗಲೆಲ್ಲ ಡ್ಯಾಶ್‌ಬೋರ್ಡನ್ನು ಹಿಡಿದುಕೊಳ್ಳುತ್ತಾ ಸಾಹೇಬರ ಬಗ್ಗೆ ಮಾತಾಡಿದೆ.

ಮೈಸೂರಿನಿಂದ ಹೋದ ಮೇಲೆ ಅವರು ದೊಡ್ಡ ಮನುಷ್ಯರಾದರು. ಸ್ವಂತ ಚಿತ್ರ ಬರೆಯುವುದಕ್ಕಿಂತ ಬೇರೆಯವರ ಚಿತ್ರಗಳನ್ನು ಆರಿಸಿ ಜೋಡಿಸುವುದರಲ್ಲಿ ಅವರ ಹೆಸರು ಬೆಳೆಯಿತು. ಯಾವ ಚಿತ್ರದ ಪಕ್ಕ ಯಾವುದು ಇರಬೇಕು ಎಂದು ಅವರು ಗೋಡೆಯ ಮುಂದೆ ಗಂಟೆಗಟ್ಟಲೆ ನಿಲ್ಲುತ್ತಿದ್ದರಂತೆ. ಅವರು ಗೋಡೆಗೆ ಏರಿಸಿದವರು ಏರಿದರು, ಬಿಟ್ಟವರು ಬಿಟ್ಟುಹೋದರು. ಅವರ ಶಿಷ್ಯರು ನಾಲ್ಕಾರು ದೇಶಗಳಲ್ಲಿ ಕಲಾಶಾಲೆಗಳ ಮುಖ್ಯಸ್ಥರಾದರು. ತೊಂಬತ್ತರ ದಶಕದಲ್ಲಿ ಇಲ್ಲಿಗೆ ಬಂದು ನೆಲೆಸಿ, ಒಳನಾಡಿನ ಊರಾದ ಅಲ್ ಐನ್‌ನಲ್ಲಿ ಕಾಲೇಜು ಹುಡುಗಿಯರಿಗೆ ಖರ್ಜೂರದ ಮರ, ದೋಣಿ, ಕೊಡ ಬರೆಯಲು ಕಲಿಸಿದರು. ಇದನ್ನೆಲ್ಲ ನಾನು ಪತ್ರಿಕೆಯ ತುಣುಕುಗಳಲ್ಲಿ ಓದುತ್ತಾ, ನನ್ನ ವಿದ್ಯಾರ್ಥಿಗಳಿಗೆ 'ನಮ್ಮ ಮೇಷ್ಟ್ರು' ಎಂದು ಕೊಚ್ಚಿಕೊಳ್ಳುತ್ತಾ ಮೈಸೂರಿನಲ್ಲಿ ಕೂತಿದ್ದೆ. ನಾನು ಅವರಿಗೆ ಬರೆದ ಹೊಸ ವರ್ಷದ ಶುಭಾಶಯಗಳಿಗೆ ಉತ್ತರ ಬಂದಿರಲಿಲ್ಲ. ವಿಳಾಸ ತಪ್ಪಿರಬೇಕು ಎಂದು ನಂಬಿದ್ದೆ; ಪ್ರತಿ ವರ್ಷವೂ ನಂಬಿದ್ದೆ.

"ಶ್ರೀಕಂಠ, ಒಂದು ವಿಷಯ ಉಂಟು" ಎಂದ ವಿಲ್ಫ್ರೆಡ್.

"ನನ್ನ ಶೂ ಬಗ್ಗೆ ತಾನೇ? ಕಚ್ತಾ ಇದೆ ಕಣೋ. ಸಾಹೇಬರ ಮುಂದೆ ಕುಂಟಿದರೆ ಏನು ಗತಿ?"

"ಶೂ ಅಲ್ಲ ಮಾರಾಯ."

"ಮತ್ತೇನು? ಅವರಿಗೆ ಹುಷಾರಿಲ್ವಾ? ಬರೋದಿಲ್ವಾ? ನಂಗೊತ್ತಿತ್ತು!"

"ಬರ್ತಾರೆ, ಬರ್ತಾರೆ." ವ್ಯಾನು ಟಿಂಗ್ ಟಿಂಗ್ ಎಂದಿತು. ಅವನು ವೇಗ ತಗ್ಗಿಸಿದ. "ಹೋಗಿ ಹೇಳ್ತೇನೆ."

ಅಲ್ಲಿಂದ ಅಬುಧಾಬಿಯವರೆಗೆ ನನ್ನ ಪಾಡಿಗೆ ನಾನು, ಸಾಹೇಬರು ಏನು ಹೇಳಬಹುದು, ಅದಕ್ಕೆ ನಾನು ಏನು ಹೇಳಬೇಕು ಎಂದು ಇಂಗ್ಲಿಷಿನಲ್ಲಿ ಬಾಯಿಪಾಠ ಮಾಡುತ್ತಿದ್ದೆ.

ಹಾಲ್

ಪ್ರದರ್ಶನದ ಹಾಲ್‌ನಲ್ಲಿ ಬಣ್ಣದ ವಾಸನೆ, ಏಣಿಗಳು, ಕೊರೆಯುವಷ್ಟು ಎ.ಸಿ. ಸಾಹೇಬರ ಬಾಳು ಗೋಡೆಯ ಉದ್ದಕ್ಕೆ ನಡೆದಿತ್ತು: ಹುಡುಗನಾಗಿದ್ದಾಗ ಬರೆದ ಇಂಗ್ಲಿಷ್ ಹೊಲಗಳು, ಅವರು ಏರ್ಪಡಿಸಿದ ಪ್ರದರ್ಶನಗಳ ಫೋಟೋಗಳು, ಕೊನೆಯ ಕೋಣೆಯಲ್ಲಿ 'ಶಿಕ್ಷಕ'. ನಾನು ಕಚ್ಚುವ ಶೂನಲ್ಲಿ ಆ ಕೋಣೆಗೆ ಓಡಿದೆ.

ಸಣ್ಣ ಸಣ್ಣ ಚೌಕಟ್ಟುಗಳು. ಒಂದರಲ್ಲಿ ಒಂದು ಮೊಣಕೈ, ಇನ್ನೊಂದರಲ್ಲಿ ಕಿವಿ, ಮತ್ತೊಂದರಲ್ಲಿ ಪಾದ. ನನ್ನ ಹಾಳೆಯ ಭುಜ ಮೂಲೆಯಲ್ಲಿತ್ತು. ಅಗಲವಾದ ಬಿಳಿ ರಟ್ಟು, ಅದರ ನಡುವಿನ ಕಿಂಡಿಯಲ್ಲಿ ಸಾಹೇಬರ ಏಳೆಂಟು ಗೆರೆ. ಕೆಳಗೆ 'ವೆಲ್ಬಿ: ಭುಜದ ಅಭ್ಯಾಸ, ಮೈಸೂರು.' ಕೆಂಪಯ್ಯ ಇರಲಿಲ್ಲ. ನಾನೂ ಇರಲಿಲ್ಲ.

ರಟ್ಟಿನ ಅಡಿಯಲ್ಲಿ ಮುಚ್ಚಿಹೋಗಿರಬೇಕು ಎಂದು ಸಮಾಧಾನ ಮಾಡಿಕೊಂಡೆ. ನಾಚಿಕೆಯಾಯಿತು. ಯಾರಾದರೂ ನೋಡಿದರೇನೋ ಎಂದು ತಿರುಗಿದರೆ, ಪ್ರದರ್ಶನದ ಉಸ್ತುವಾರಿಯ ಲೆಬನಾನಿನ ಹುಡುಗಿ ರೀಮಾ ಸಾಹೇಬರ ತೋಳು ಹಿಡಿದು ಕರೆತರುತ್ತಿದ್ದಳು. ಎತ್ತರದ ಮನುಷ್ಯ ಕುಗ್ಗಿಹೋಗಿದ್ದರು. ನಾನು ಹೆಸರು, ಊರು, ವರ್ಷ ಎಲ್ಲ ಒದರಿದೆ. ಅವರು ನಯವಾಗಿ ಕೈ ಕುಲುಕಿದರು. ನನ್ನ ನೆನಪಿರಲಿಲ್ಲ. ಮಾತು ಇಂಗ್ಲಿಷಿನಲ್ಲಿ ನಡೆಯಿತು. ಇಲ್ಲಿ ಕನ್ನಡದಲ್ಲೇ ಬರೆಯುತ್ತೇನೆ.

"ಇದು ನನ್ನ ಹಾಳೆ ಸರ್. ಕೆಂಪಯ್ಯ ಎಂಬ ಹಮಾಲಿ" ಎಂದೆ.

ಅವರು ಕನ್ನಡಕ ಸರಿಪಡಿಸಿಕೊಂಡು ಗಾಜಿಗೆ ಮೂಗು ತಾಗುವಷ್ಟು ಬಾಗಿದರು. ನೋಡಿದರು, ನೋಡಿದರು.

"ಹಮಾಲಿ" ಎಂದರು. "ನೆನಪಾಯಿತು. ಇದು ತಪ್ಪು."

"ಸರ್?"

"ನಾನು ಬರೆದದ್ದು ತಪ್ಪು. ಈ ಭುಜ ಅವನದಲ್ಲ, ಯಾವುದೋ ಗ್ರೀಕ್ ಪ್ರತಿಮೆಯದು. ಜೀವನವೆಲ್ಲ ಒಂದೇ ಕಡೆ ಮೂಟೆ ಹೊತ್ತವನ ಭುಜ ಕೆಳಗೆ ಇಳಿಯುವುದಿಲ್ಲ; ಹಾಗೇ ಎದ್ದು ಗಟ್ಟಿಯಾಗುತ್ತದೆ. ದುಬೈಯ ಕ್ರೀಕಿನ ದಡದಲ್ಲಿ ಕೂತು ಹಮಾಲಿಗಳನ್ನು ಬರೆದಾಗ ನನಗೆ ತಿಳಿದದ್ದು. ಆಗಲೇ ಮುದುಕನಾಗಿದ್ದೆ." ನನ್ನ ಕಡೆ ತಿರುಗಿದರು. "ನೀನು ಹೇಗೆ ಬರೆದಿದ್ದೆ?"

"ಎತ್ತಿ ಬರೆದಿದ್ದೆ ಸರ್."

"ಹಾಗಾದರೆ ನೀನು ಅವನನ್ನು ನೋಡಿದ್ದೆ" ಎಂದರು. "ನಾನು ನೋಡಿರಲಿಲ್ಲ."

ಅದೇ ಆ ಮಾತು. ಮೂವತ್ತು ವರ್ಷದ ಹತ್ತಿರ ಕಾದ ಮಾತು. ಅದು ಕಿವಿಗೆ ಬಿದ್ದಾಗ ಕುಣಿಯಬೇಕಿತ್ತು. ಆದರೆ ನನ್ನ ಕಣ್ಣ ಮುಂದೆ ಬಂದದ್ದು ನನ್ನ ತರಗತಿಯ ಸಾಲು ಸಾಲು ಹಾಳೆಗಳು, ಅವುಗಳ ಅಂಚಿನಲ್ಲಿ ನಾನು ಇಳಿಸಿದ ಭುಜಗಳು. ಎಷ್ಟು ಮಕ್ಕಳು ನೋಡಿ ಬರೆದಿದ್ದರೋ, ಎಷ್ಟು ಮಕ್ಕಳ ಕಣ್ಣನ್ನು ನಾನು ಪೆನ್ಸಿಲಿನಿಂದ ಮುಚ್ಚಿದ್ದೆನೋ.

"ರಟ್ಟು ಬಿಚ್ಚಿ. ಇವನದನ್ನು ನಾನು ನೋಡಬೇಕು" ಎಂದರು ಸಾಹೇಬರು. ರೀಮಾ ಉತ್ಸಾಹದಿಂದ ವಿಲ್ಫ್ರೆಡ್‌ನನ್ನು ಕರೆದಳು. ಅವನು ಬಾಗಿಲ ಬಳಿಯೇ ನಿಂತಿದ್ದ.

"ಒಳಗೆ ಇಲ್ಲ" ಎಂದ, ಕನ್ನಡದಲ್ಲಿ, ನನಗೆ.

"ಇಲ್ಲ ಅಂದ್ರೆ?"

"ಈ ಹುಡುಗಿ ಹಾಳೆಯ ಮೇಲೆ ಅಂಚಿನ ಸುತ್ತ ಪೆನ್ಸಿಲ್ ಗೆರೆ ಹಾಕಿ ಕಳಿಸಿದ್ಲು. ಕಿಂಡಿಯಲ್ಲಿ ಅಷ್ಟು ಮಾತ್ರ ಕಾಣ್ಬೇಕು ಅಂತ ಅವಳ ಲೆಕ್ಕ. ಅಂಗಡಿಯಲ್ಲಿ ಗೆರೆ ಅಂದ್ರೆ ಎಂತ ಅಂತ ನಿನಗೆ ಗೊತ್ತುಂಟಲ್ಲ. ನಾನೇ ಬ್ಲೇಡ್ ಎಳೆದದ್ದು. ಗೆರೆ ನೋಡಿದೆ, ಚಿತ್ರ ನೋಡ್ಲಿಲ್ಲ. ಇಲ್ಲಿ ತಂದು ಹಾಕುವಾಗ ಗೊತ್ತಾದದ್ದು. ಅಂಗಡಿಗೆ ಓಡಿ ಹೋದೆ. ಅಷ್ಟರಲ್ಲಿ ಕಸದ ಲಾರಿ ಬಂದು ಹೋಗಿತ್ತು." "ಬೈ ಮಾರಾಯ. ಎರಡು ಪೆಟ್ಟು ಹಾಕು."

ಕೋಪ ಬರಲಿಲ್ಲ. ಬಂದಿದ್ದರೆ ಎಷ್ಟೋ ವಾಸಿಯಾಗಿತ್ತು. ನಾನು ಅವನ ಬೆನ್ನು ತಟ್ಟಿ, ಸಾಹೇಬರಿಗೆ ವಿಷಯವನ್ನು ಇಂಗ್ಲಿಷಿನಲ್ಲಿ ವಿವರಿಸಿದೆ. ದಾರಿಯಲ್ಲಿ ಬಾಯಿಪಾಠ ಮಾಡಿದ್ದ ಯಾವ ವಾಕ್ಯವೂ ಅದಕ್ಕೆ ಉಪಯೋಗಕ್ಕೆ ಬರಲಿಲ್ಲ. ರೀಮಾ ಬಾಯಿಗೆ ಕೈಯಿಟ್ಟುಕೊಂಡು ಕೂತುಬಿಟ್ಟಳು.

ಸಾಹೇಬರು ಮೇಜಿನ ಮೇಲೆ ಬಿದ್ದಿದ್ದ ಬಿಳಿ ರಟ್ಟಿನ ತುಂಡೊಂದನ್ನು ನನ್ನ ಮುಂದೆ ತಳ್ಳಿ, ಕೋಟಿನ ಜೇಬಿನಿಂದ ಪೆನ್ಸಿಲ್ ತೆಗೆದುಕೊಟ್ಟರು. "ಬರೆ. ನಿನಗೆ ಕಂಡ ಹಾಗೆ. ಈಗಲೇ."

ಬರೆದೆ. ಕೆಂಪಯ್ಯ ಬಂದ. ಬೋಳು ತಲೆ, ಕತ್ತಿನ ನರ, ಕೋಲು ಹಿಡಿದ ಬೆರಳು, ಊರಿದ ಬಲಗಾಲು, ಎಲ್ಲ ನಿನ್ನೆ ಕಂಡಂತೆ ಬಂದವು. ಭುಜಕ್ಕೆ ಬಂದೆ. ಗೆರೆ ಇಳಿಯಿತು.

ಪೆನ್ಸಿಲಿನ ತುದಿಯ ರಬ್ಬರಿನಿಂದ ಅಳಿಸಿದೆ. ಎತ್ತು ಎಂದು ಕೈಗೆ ಹೇಳಿದೆ. ಎತ್ತಿತು, ಆದರೆ ಅದು ಕೆಂಪಯ್ಯನದಲ್ಲ, ಯಾರೋ 'ನನಗೇನು ಗೊತ್ತು' ಎಂದು ಭುಜ ಹಾರಿಸಿದ ಹಾಗಿತ್ತು. ಅಳಿಸಿದೆ. ಕಣ್ಣು ಮುಚ್ಚಿ ಅವನನ್ನು ತಂದುಕೊಳ್ಳಲು ನೋಡಿದೆ. ಅಲ್ಲೂ ಅವನು ಭುಜ ಇಳಿಸಿಕೊಂಡೇ ನಿಂತಿದ್ದ. ಮತ್ತೆ ಬರೆದೆ. ಸರಾಗವಾಗಿ, ಚೆಂದವಾಗಿ, ಏಳೆಂಟೇ ಗೆರೆಯಲ್ಲಿ ಭುಜ ಇಳಿಯಿತು.

ಸಾಹೇಬರು ರಟ್ಟನ್ನು ಬೆಳಕಿಗೆ ಹಿಡಿದರು.

"ದೇವರೇ" ಎಂದರು. "ಇದು ನನ್ನ ಗೆರೆ."

ಆಮೇಲೆ ಅವರು ತುಂಬ ಮೆಲ್ಲಗೆ, ಉತ್ತರ ಬೇಡವಾಗಿದ್ದವರ ಹಾಗೆ, "ಎಷ್ಟು ವರ್ಷ ಪಾಠ ಹೇಳಿದೆ ನೀನು?" ಎಂದು ಕೇಳಿದರು.

"ಇನ್ನೂ ಹೇಳುತ್ತಲೇ ಇದ್ದೇನೆ ಸರ್" ಎಂದೆ. "ಸೋಮವಾರ ಕ್ಲಾಸಿದೆ."